ಸೂಜನ್-ಲೋರಿ ಪಾರ್ಕ್ಸ್ ನಾಟಕ: ಮಾತೇ ಇಲ್ಲದ ಸಾಲುಗಳನ್ನು ಆಡಿಸೋದು ಹೇಗೆ?

ಬಳ್ಳಾರಿಗುಡ್ಡ:
ಎಲ್ಲರಿಗೂ ನಮಸ್ಕಾರ. ಅಮೆರಿಕದ ನಾಟಕಕಾರ್ತಿ ಪಾರ್ಕ್ಸ್ ಅವರ ‘ಟಾಪ್‌ಡಾಗ್/ಅಂಡರ್‌ಡಾಗ್’ ಅನ್ನು ಕನ್ನಡಕ್ಕೆ ತಂದು ಬಳ್ಳಾರಿಯಲ್ಲಿ ಮೊದಲು ಓದು, ಆಮೇಲೆ ಪ್ರಯೋಗ ಮಾಡೋ ಯೋಚನೆ ಇದೆ. ಲಿಂಕನ್, ಬೂತ್ ಅನ್ನೋ ಅಣ್ಣತಮ್ಮಂದಿರ ಪಾತ್ರಕ್ಕೆ ಇಬ್ಬರೇ ನಟರು, ಒಂದೇ ಕೋಣೆ, ಆರು ದೃಶ್ಯ. ಖರ್ಚಿನ ಮಟ್ಟಿಗೆ ನಮ್ಮಂಥ ತಂಡಕ್ಕೆ ಸರಿಹೋಗುತ್ತೆ. ಆದರೆ ಕೆಲವು ಕಡೆ ಮಾತೇ ಇಲ್ಲ, ಲಿಂಕನ್, ಬೂತ್, ಲಿಂಕನ್, ಬೂತ್ ಅಂತ ಹೆಸರಷ್ಟೇ ಒಂದರ ಕೆಳಗೊಂದು. ನಡುನಡುವೆ ‘ರೆಸ್ಟ್’. ಹೇಳಿದ್ದನ್ನೇ ಹೇಳೋದು ಬೇರೆ. ಇವನ್ನೆಲ್ಲ ಕಡಿಮೆ ಮಾಡಿದರೆ ನಡೆಯುತ್ತಾ?

ಹಿಮ್ಮೇಳ:
ಅದಕ್ಕೆ ಮಾತ್ರ ಕತ್ತರಿ ಹಾಕಬೇಡಿ ಸರ್. ‘ರೆಸ್ಟ್’ ಅಂದರೆ ಸಣ್ಣ ಬಿಡುವು, ಉಸಿರು ತಗೊಂಡು ಮುಂದಿನ ಮಾತಿಗೆ ಹೊರಳೋದು. ಹೆಸರುಗಳ ಸಾಲಿಗೆ ಪಾರ್ಕ್ಸ್ ‘ಸ್ಪೆಲ್’ ಅಂತಾರೆ. ಪಾತ್ರಗಳು ತಮ್ಮ ನಿಜಸ್ಥಿತಿಯಲ್ಲಿ ಕಾಣೋ ಗಳಿಗೆ ಅದು. ಚಟುವಟಿಕೆ ಇರಲೇಬೇಕಂತಿಲ್ಲ, ಹೇಗೆ ತುಂಬಬೇಕು ಅನ್ನೋದು ನಿರ್ದೇಶಕರಿಗೆ ಬಿಟ್ಟಿದ್ದು. ಹೆಸರುಗಳ ಸರದಿ ನೋಡಿ: ಗಮನ ಒಬ್ಬನಿಂದ ಇನ್ನೊಬ್ಬನಿಗೆ ಹೋಗಿ ಬರುತ್ತೆ. ಅಲ್ಲಿ ಹಾರ್ಮೋನಿಯಂ ಎಳೆದರೆ ಕೆಟ್ಟಿತು ಅಂತಲೇ ಲೆಕ್ಕ. ಓದುವಾಗ ಹೆಸರುಗಳನ್ನು ಬಾಯಲ್ಲಿ ಹೇಳದೆ ಕಾಗದದಿಂದ ಕಣ್ಣೆತ್ತಿ ಎದುರಿನವನನ್ನು ನೋಡಿದರೆ ಸಾಕು.

ಇನ್ನೊಂದು, ಎಲ್ಲರೂ ಎಡವೋ ಜಾಗ: ನಮ್ಮ ನಾಟಕಗಳಲ್ಲಿ ಕಂಸದೊಳಗೆ ಇರೋದು ರಂಗಸೂಚನೆ, ನಟರು ಅದನ್ನು ಆಡಲ್ಲ. ಈ ನಾಟಕದಲ್ಲಿ ಮಾತಿನ ಸುತ್ತ ದುಂಡು ಕಂಸ ಬಂದರೆ ಅದು ಮೆಲ್ಲಗೆ ಆಡಬೇಕಾದ ಮಾತು. ಚೌಕ ಕಂಸದೊಳಗಿನದು ಬೇಕಾದರೆ ಬಿಡಬಹುದಾದ ಭಾಗ. ಕಡಿಮೆ ಮಾಡಲೇಬೇಕಂದ್ರೆ ಅಲ್ಲಿ ಮಾಡಿ. ಡಿಟಿಪಿ ಮಾಡೋರಿಗೂ ಮೊದಲೇ ಹೇಳಿಡಿ, ಮಾತು ಬಿಟ್ಟುಹೋಗಿದೆ ಅಂದ್ಕೊಂಡು ಹೆಸರಿನ ಸಾಲುಗಳನ್ನೇ ತೆಗೆದುಬಿಡ್ತಾರೆ.

ಸಿರುಗುಪ್ಪರಸ್ತೆ:
ಪುನರಾವರ್ತನೆ ಬಗ್ಗೆ. ದೊಡ್ಡಾಟದಲ್ಲಿ ಪದದ ಸಾಲನ್ನು ಹಿಮ್ಮೇಳ ಮತ್ತೆ ಎತ್ತಿಕೊಂಡು ಗಟ್ಟಿ ಮಾಡುತ್ತಲ್ಲ, ಇಲ್ಲಿ ಹಾಗಲ್ಲ. ಜಾಝ್ ಸಂಗೀತದ ಕ್ರಮ ಇದು, ಪ್ರತಿ ಸಲ ಒಂಚೂರು ತಿದ್ದಿ ಮುಂದಕ್ಕೆ ಹೋಗುತ್ತೆ. ಮೂರೆಲೆ ಆಟದ (ಮೂರು ಇಸ್ಪೀಟೆಲೆ ಅತ್ತಿತ್ತ ಸರಿಸಿ, ಗುರುತಿನ ಎಲೆ ಯಾವುದು ಅಂತ ಪಣ ಕಟ್ಟಿಸಿ ಮೋಸ ಮಾಡೋ ಬೀದಿ ಆಟ) ಕೂಗನ್ನೇ ನೋಡಿ. ಮೊದಲ ದೃಶ್ಯದಲ್ಲಿ ಬೂತ್ ಒಬ್ಬನೇ ಅಭ್ಯಾಸ ಮಾಡ್ತಾನೆ, ಕೈ ಒರಟು, ಮಾತೂ ಒರಟು. ಮುಂದೆ ಅದೇ ಆಟ ಅಣ್ಣ ಲಿಂಕನ್ ಕೈಗೆ ಬಂದಾಗ ನೀರು ಹರಿದಂಗೆ. ತಾಲೀಮಲ್ಲಿ ಬೂತ್ ಪಾತ್ರದವನೂ ಪಳಗಿಬಿಡ್ತಾನೆ, ಆಗ ನಾಟಕವೇ ಬಿದ್ದುಹೋಗುತ್ತೆ. ಅವನನ್ನು ಒರಟಾಗೇ ಇಟ್ಟುಕೊಳ್ಳಿ.

ಎಲೆ ಹಾಕೋ ಕ್ರಮ: ಒಂದೇ ಕೈಯಲ್ಲಿ ಎರಡು ಎಲೆ, ಮೇಲೊಂದು ಕೆಳಗೊಂದು. ಕೆಳಗಿನದು ಬಿತ್ತು ಅಂತ ನೋಡೋನಿಗೆ ಅನಿಸಬೇಕು, ಬೀಳೋದು ಮೇಲಿನದು. ಎಲೆಗಳನ್ನು ಉದ್ದುದ್ದಕ್ಕೆ ಸ್ವಲ್ಪ ಬಾಗಿಸಿಕೊಂಡರೆ ಎತ್ತೋಕೆ ಸಿಗುತ್ತೆ. ಹಲಗೆ ಅಂದರೆ ಹಾಲಿನ ಕ್ರೇಟ್ ಮೇಲಿಟ್ಟ ರಟ್ಟು, ಮುಂದಕ್ಕೆ ತುಸು ಇಳಿಜಾರಾಗಿರಲಿ. ಇಲ್ಲಾಂದ್ರೆ ಎರಡನೇ ಸಾಲಿನಿಂದಾಚೆ ಯಾರಿಗೂ ಕಾಣಲ್ಲ.

ಬಳ್ಳಾರಿಗುಡ್ಡ:
ಕಂಸದ ವಿಷಯ ಗೊತ್ತೇ ಇರಲಿಲ್ಲ! ಅವರ ಬೇರೆ ನಾಟಕ ಯಾವುದು ಓದಲಿ?

ಕೋಟೆಬಾಗಿಲು:
‘ದಿ ಅಮೆರಿಕಾ ಪ್ಲೇ’ ಓದಲೇಬೇಕು. ಅದರಲ್ಲಿ ಗುಂಡಿ ತೋಡೋ ಕರಿಯನೊಬ್ಬ ಗುಂಡೇಟಿಗೆ ಸತ್ತ ಅಮೆರಿಕದ ಅಧ್ಯಕ್ಷ ಅಬ್ರಹಾಂ ಲಿಂಕನ್ ವೇಷ ಹಾಕಿ ಕೂರ್ತಾನೆ, ಜನ ಕಾಸು ಕೊಟ್ಟು ಗುಂಡು ಹೊಡೆಯೋ ಆಟ ಆಡ್ತಾರೆ. ‘ಟಾಪ್‌ಡಾಗ್’ನಲ್ಲಿ ಅಣ್ಣನ ಕೆಲಸವೂ ಅದೇ. ಪಾರ್ಕ್ಸ್ ತಮ್ಮ ನಾಟಕವನ್ನೇ ತಿದ್ದಿ ಮತ್ತೆ ಬರೆದರು ಅನ್ನಬಹುದು. ಹುಟ್ಟಿದ್ದು 1963, ಕಾಲೇಜಲ್ಲಿ ನಾಟಕ ಬರೀರಿ ಅಂತ ಹುರಿದುಂಬಿಸಿದ್ದು ಲೇಖಕ ಜೇಮ್ಸ್ ಬಾಲ್ಡ್ವಿನ್. 2002ರಲ್ಲಿ ‘ಟಾಪ್‌ಡಾಗ್’ಗೆ ಅಮೆರಿಕದ ದೊಡ್ಡ ಪ್ರಶಸ್ತಿ ಪುಲಿಟ್ಜರ್ ಬಂತು. ನಾಟಕಕ್ಕೆ ಅದನ್ನು ಪಡೆದ ಮೊದಲ ಆಫ್ರಿಕನ್ ಅಮೆರಿಕನ್ ಮಹಿಳೆ ಅವರು.

ಅದೇ ವರ್ಷ ನವೆಂಬರಿಂದ ದಿನಕ್ಕೊಂದರಂತೆ ಒಂದು ವರ್ಷ ನಾಟಕ ಬರೆದರು, ಹಲವು ಒಂದೆರಡು ಪುಟದವು. ಎಲ್ಲವೂ ಗಟ್ಟಿ ಅಂತ ನಾನು ಹೇಳಲ್ಲ. ಆದರೆ ಮೊದಲನೆಯದರಲ್ಲಿ ಬರೋರು ಕೃಷ್ಣಾರ್ಜುನರು, ಬಯಲಾಟ ನೋಡಿದ ನಮ್ಮ ಜನಕ್ಕೆ ಪರಿಚಯ ಹೇಳೋ ಕೆಲಸವಿಲ್ಲ. ತಾಲೀಮಿನ ಮೊದಲ ವಾರ ಅದನ್ನೇ ಓದಿಸಿ.

ಹಕ್ಕಿನ ವಿಚಾರ ಮರೀಬೇಡಿ. ಅನುವಾದಕ್ಕೆ ಬೇರೆ, ಪ್ರದರ್ಶನಕ್ಕೆ ಬೇರೆ ಅನುಮತಿ ಕೇಳಬೇಕು, ವಿಳಾಸ ಪುಸ್ತಕದ ಹಕ್ಕು ಪುಟದಲ್ಲೇ ಇರುತ್ತೆ. ಟಿಕೆಟ್ ಇಲ್ಲದ ಪ್ರದರ್ಶನವಾದರೂ ಕೇಳಬೇಕು. ಉತ್ತರ ಬಂದ ಮೇಲೇ ರಂಗಮಂದಿರಕ್ಕೆ ಮುಂಗಡ ಕಟ್ಟಿ.