ಕೋಳಿ ಮಣ್ಣಿನಲ್ಲಿ ಹೊರಳುವುದಕ್ಕೆ ನಿಮ್ಮ ಮನೆಯಲ್ಲಿ ಏನಂತೀರಿ? ಮಗಳ ಶಾಲೆಗೆ ಬೇಕು

ಮಾಳಮಡ್ಡಿ ಮಗಳು, ಜರ್ಮನಿ:

ಎಲ್ಲರಿಗೂ ನಮಸ್ಕಾರ. ನಾನು ಈ ಗುಂಪಿನಲ್ಲಿ ಜಾಸ್ತಿ ಬರೆಯುವವಳಲ್ಲ. ಈ ಸಲ ಒಂದು ಪದ ಕೇಳಬೇಕಾಗಿದೆ, ಶುಕ್ರವಾರದೊಳಗೆ.

ಮಗಳಿಗೆ ಏಳು ವರ್ಷ. ಹುಟ್ಟಿದ್ದು ಇಲ್ಲೇ. ಅವಳ ಶಾಲೆಯ ಹಿಂದೆ ಐದು ಕೋಳಿ ಸಾಕಿದ್ದಾರೆ. ಮಕ್ಕಳೇ ಪಾಳಿ ಪ್ರಕಾರ ಕಾಳು ಹಾಕಿ ನೀರಿಡುತ್ತಾರೆ. ಕೋಳಿ ಒಣ ಮಣ್ಣಿನಲ್ಲಿ ಗುಂಡಿ ಮಾಡಿಕೊಂಡು ಕೂತು, ಕಾಲಿನಿಂದ ಕೆದರಿ, ರೆಕ್ಕೆಯಿಂದ ಮಣ್ಣನ್ನು ಮೈತುಂಬ ಚಿಮ್ಮಿಸಿಕೊಳ್ಳುತ್ತದಲ್ಲ, ಅದಕ್ಕೆ ಜರ್ಮನ್‌ನಲ್ಲಿ ‘ಹೂಡರ್ನ್’ ಎನ್ನುತ್ತಾರೆ. ಅದೇ ಪದಕ್ಕೆ ಇನ್ನೊಂದು ಅರ್ಥವೂ ಇದೆ. ತಾಯಿ ಕೋಳಿ ಮರಿಗಳನ್ನು ರೆಕ್ಕೆಯ ಕೆಳಗೆ ಇಟ್ಟುಕೊಂಡು ಬೆಚ್ಚಗೆ ಕೂರುವುದಕ್ಕೂ ಹೂಡರ್ನ್ ಎಂದೇ ಹೇಳುತ್ತಾರೆ. ಟೀಚರ್ ಎರಡೂ ಅರ್ಥ ಹೇಳಿಕೊಟ್ಟು, ‘ಮಣ್ಣಿನಲ್ಲಿ ಹೊರಳುವುದಕ್ಕೆ ನಿಮ್ಮ ಮನೆಮಾತಿನಲ್ಲಿ ಏನಂತಾರೆ, ಚೀಟಿಯಲ್ಲಿ ಬರೆದು ತನ್ನಿ’ ಎಂದಿದ್ದಾರೆ. ಎಲ್ಲ ಚೀಟಿಗಳನ್ನೂ ಗೋಡೆಗೆ ಅಂಟಿಸುತ್ತಾರಂತೆ. ಅವಳ ಗೆಳತಿಯ ಟರ್ಕಿ ಭಾಷೆಯ ಚೀಟಿ ಆಗಲೇ ಗೋಡೆ ಮೇಲಿದೆ.

ಅವಳು ಕೇಳಿದಾಗ ನನಗೆ ತಕ್ಷಣ ಬಾಯಿಗೆ ಬರಲಿಲ್ಲ. ‘ದೂಳು ಸ್ನಾನ’ ಎಂದೆ. ‘ಅದು ಎರಡು ಪದ ಅಲ್ವಾ, ಕೋಳಿ ಸ್ನಾನ ಎಲ್ಲಿ ಮಾಡ್ತದ?’ ಎಂದಳು. ಅಜ್ಜಿಗೆ ವಿಡಿಯೊ ಕಾಲ್ ಮಾಡಿದೆವು. ‘ಉಳ್ಳಾಡತಾವ ಅನ್ನು’ ಎಂದರು. ನಮ್ಮ ಮನೆಯವರು ಹಾವೇರಿ ಕಡೆಯವರು, ಅವರು ‘ಹೊರಳಾಡು’ ಬರಿ ಎಂದರು. ಮಗಳು ಹೇಳಲು ನೋಡಿದಳು. ‘ಹೊರಲಾಡು’ ಎಂದೇ ಬಂತು. ನಾಲ್ಕು ಸಲ ತಿದ್ದಿದೆ. ಐದನೆಯ ಸಲಕ್ಕೆ ಅತ್ತುಬಿಟ್ಟಳು. ನನ್ನ ಚೀಟಿ ಬೇಡ ಎಂದು ಜರ್ಮನ್‌ನಲ್ಲಿ ಹೇಳಿ ಬಾಗಿಲು ಹಾಕಿಕೊಂಡಳು.

ಯಾವ ಪದ ಬರೆಸಲಿ? ಇನ್ನೊಂದು ಮಾತು. ಮನೆಯಲ್ಲಿ ನಾವು ಕನ್ನಡವನ್ನೇ ಮಾತಾಡುತ್ತೇವೆ. ಆದರೆ ಈ ಪದ ಅವಳು ನನ್ನ ಬಾಯಿಂದ ಏಳು ವರ್ಷದಲ್ಲಿ ಒಮ್ಮೆಯೂ ಕೇಳಿಲ್ಲ. ಹೀಗೆ ಇನ್ನೆಷ್ಟು ಪದ ತಪ್ಪಿಹೋಗಿರಬೇಕು ಎಂದು ನಿನ್ನೆ ರಾತ್ರಿ ನಿದ್ದೆ ಬರಲಿಲ್ಲ.

ಗದಗಿನ ಕಾಕಾ, ನ್ಯೂಜೆರ್ಸಿ:

ತಂಗಿ, ಹಿಂದೆ ಎಷ್ಟೋ ಸಲ ಇಲ್ಲಿ ಹೇಳಿದ್ದೇನೆ, ಮತ್ತೆ ಹೇಳುತ್ತೇನೆ. ವರ್ಷಕ್ಕೆ ಎರಡು ತಿಂಗಳು ಮಗುವನ್ನು ಅಜ್ಜಿಯ ಮನೆಗೆ ಕಳಿಸು. ಬೇರೆ ದಾರಿ ಇಲ್ಲ. ಪದ ಚೀಟಿಯಿಂದ ಬರುವುದಿಲ್ಲ, ಮಣ್ಣಿನಿಂದ ಬರುತ್ತದೆ. ನಾನು ಮಕ್ಕಳಿಬ್ಬರನ್ನೂ ಹೈಸ್ಕೂಲ್ ಮುಗಿಯುವ ತನಕ ಪ್ರತಿ ಬೇಸಿಗೆ ಗದಗಿಗೆ ಕಳಿಸಿದೆ. ಇವತ್ತು ಮಗ ಅಲ್ಲಿ ಸಂತೆಯಲ್ಲಿ ನಿಂತು ಚೌಕಾಸಿ ಮಾಡುತ್ತಾನೆ. ಅವನ ಮಾತು ಕೇಳಿ ಇವನು ಅಮೆರಿಕದವನು ಎಂದು ಯಾರೂ ಹೇಳಲಾರರು.

ಮಾಳಮಡ್ಡಿ ಮಗಳು:

ಕಾಕಾ, ಇಲ್ಲಿ ಬೇಸಿಗೆ ರಜೆ ಆರೇ ವಾರ. ಶಾಲೆ ಕಡ್ಡಾಯ, ರಜೆಯ ಹಿಂದೆ ಮುಂದೆ ಒಂದು ದಿನ ತಪ್ಪಿಸಿದರೂ ಕೇಳುತ್ತಾರೆ. ಆ ರಜೆ ಬರುವುದೂ ಜುಲೈ, ಆಗಸ್ಟ್‌ನಲ್ಲಿ. ಆಗ ಧಾರವಾಡದಲ್ಲಿ ಜಿಟಿಜಿಟಿ ಮಳೆ. ಕೋಳಿಗೂ ಒಣ ಮಣ್ಣು ಸಿಗುವುದಿಲ್ಲ.

ಗದಗಿನ ಕಾಕಾ:

ಹಾಗಾದರೆ ಗದಗಿಗೆ ಕಳಿಸು. ನಮ್ಮಲ್ಲಿ ಮಳೆ ಕಡಿಮೆ.

ಹಳೇ ಹುಬ್ಬಳ್ಳಿ, ದುಬೈ:

ಅಕ್ಕಾ, ದಯವಿಟ್ಟು ಪುಸ್ತಕದ ಪದವನ್ನೇ ಬರೆಸಿ. ‘ಉಳ್ಳಾಡು’ ಬೇಡ. ನಾನು ಹುಬ್ಬಳ್ಳಿಯಿಂದ ಬೆಂಗಳೂರಿಗೆ ಓದಲು ಹೋದಾಗ ಹಾಸ್ಟೆಲ್‌ನಲ್ಲಿ ‘ತಿರುಗಿ ಬರ್ತೀನಿ’ ಎನ್ನಲು ‘ಹೊಳ್ಳಿ ಬರ್ತೀನಿ’ ಎಂದೆ. ಇಡೀ ರೂಮು ನಕ್ಕಿತು. ಒಂದು ವರ್ಷ ಬಾಯಿ ಬಿಡಲು ಹೆದರುತ್ತಿದ್ದೆ. ನನ್ನ ಮಕ್ಕಳಿಗೆ ಆ ಕಷ್ಟ ಬೇಡ ಎಂದು ಶುದ್ಧ ಕನ್ನಡವನ್ನೇ ಕಲಿಸಿದೆ. ಓದುತ್ತಾರೆ, ಬರೆಯುತ್ತಾರೆ, ರಾಜ್ಯೋತ್ಸವಕ್ಕೆ ಭಾಷಣ ಮಾಡುತ್ತಾರೆ.

ಬ್ಯಾಡಗಿ ಅಕ್ಕ, ಟೊರೊಂಟೊ:

ಶುದ್ಧ ಕನ್ನಡ ಅಂದರೇನು ತಮ್ಮಾ? ನಿಮ್ಮ ಅಮ್ಮ ಮಾತಾಡಿದ್ದು ಅಶುದ್ಧವೇ?

ಹಳೇ ಹುಬ್ಬಳ್ಳಿ:

ಅಮ್ಮನ ಮಾತಿಗೆ ನಾನು ಹಾಗೆ ಅನ್ನಲಿಲ್ಲ ಅಕ್ಕಾ. ಒಂದು ಮಾತು ನಿಜ. ನಮ್ಮಪ್ಪ ಫೋನಿನಲ್ಲಿ ಮಾತಾಡಿದರೆ ಮಕ್ಕಳಿಗೆ ಅರ್ಧ ತಿಳಿಯುವುದಿಲ್ಲ. ಅಜ್ಜ ಬೇರೆ ಭಾಷೆ ಮಾತಾಡ್ತಾರಾ ಎಂದು ಚಿಕ್ಕವನು ಕೇಳಿದ. ಅದು ನನಗೆ ಇನ್ನೂ ಚುಚ್ಚುತ್ತದೆ.

ನವಲಗುಂದದ ಅಕ್ಕೋರು, ಮೆಲ್ಬರ್ನ್:

ನಾನು ಧಾರವಾಡ ಜಿಲ್ಲೆಯಲ್ಲಿ ಇಪ್ಪತ್ತೆಂಟು ವರ್ಷ ಕನ್ನಡ ಕಲಿಸಿದವಳು. ಈಗ ಮಗನ ಮನೆಯಲ್ಲಿದ್ದೇನೆ. ಮೊದಲು ಪ್ರಶ್ನೆಗೆ ಉತ್ತರ ಕೊಡೋಣ.

ಎರಡೂ ಸರಿ. ಹೊರಳು, ಹೊರಳಾಡು ಎಂದರೆ ಎಲ್ಲ ಕಡೆ ತಿಳಿಯುತ್ತದೆ. ಹಳಗನ್ನಡದಲ್ಲಿ ಅದು ‘ಪೊರಳ್’. ಪಾಲು ಹಾಲಾದ ಹಾಗೆ ಪೊರಳ್ ಹೊರಳಾಯಿತು. ತಮಿಳಿನಲ್ಲಿ ಈಗಲೂ ಪುರಳ್, ತೆಲುಗಿನಲ್ಲಿ ಪೊರ್ಲು. ‘ಉಳ್ಳಾಡು’ ಬಂದದ್ದು ಉರುಳು ಎಂಬುದರಿಂದ. ನಮ್ಮ ಕಡೆಯ ನಾಲಿಗೆ ನಡುವಿನ ರಕಾರವನ್ನು ನುಂಗಿ ಳಕಾರವನ್ನು ಒತ್ತುತ್ತದೆ. ಕೊರಳಿನಲ್ಲಿ ಎನ್ನುವುದಕ್ಕೆ ಕೊಳ್ಳಾಗ ಎನ್ನುತ್ತೇವೆ. ನೀರು ಮರಳಿದರೆ ಮಳ್ಳತಾವ ಎನ್ನುತ್ತೇವೆ. ಹಾಗೆಯೇ ಉರುಳು ಉಳ್ಳು ಆಯಿತು, ಹೊರಳು ಹೊಳ್ಳು ಆಯಿತು. ಇದು ತಪ್ಪು ಮಾತಲ್ಲ. ಒಂದೇ ನಿಯಮ ಈ ಎಲ್ಲ ಪದಕ್ಕೂ ಅಚ್ಚುಕಟ್ಟಾಗಿ ನಡೆದಿದೆ. ತಮ್ಮಾ, ಹಾಸ್ಟೆಲ್‌ನಲ್ಲಿ ನಕ್ಕವರಿಗೆ ಇದು ಗೊತ್ತಿರಲಿಲ್ಲ, ಅಷ್ಟೇ.

ಎಲ್ಲ ಪ್ರಾಣಿಗೂ ನಾವು ಒಂದೇ ಪದ ಬಳಸುವುದಿಲ್ಲ. ಕತ್ತೆ, ಕುದುರೆ, ಕೋಳಿ, ಗುಬ್ಬಿ ಹೊರಳುತ್ತವೆ. ಎಮ್ಮೆ ಕೆಸರಿನಲ್ಲಿ ಬೀಳುತ್ತದೆ. ಆನೆ ಮಣ್ಣು ಎರಚಿಕೊಳ್ಳುತ್ತದೆ. ಜರ್ಮನ್ ಪದಕ್ಕೆ ಎರಡು ಅರ್ಥ ಇದ್ದ ಹಾಗೆ ನಮ್ಮ ಹೊರಳು ಪದಕ್ಕೂ ಹಲವು ಅರ್ಥಗಳಿವೆ. ನಿದ್ದೆಯಲ್ಲಿ ಮಗ್ಗುಲು ಹೊರಳುತ್ತೇವೆ. ಕರೆದರೆ ಹೊರಳಿ ನೋಡುತ್ತೇವೆ. ಊರಿಗೆ ಹೊಳ್ಳಿ ಹೋಗುತ್ತೇವೆ. ಕಷ್ಟದ ಪದಕ್ಕೆ ನಾಲಿಗೆ ಹೊರಳುವುದಿಲ್ಲ ಎನ್ನುತ್ತೇವೆ. ಮರಿಗಳನ್ನು ರೆಕ್ಕೆಯ ಕೆಳಗೆ ಇಟ್ಟುಕೊಳ್ಳುವುದಕ್ಕೆ ಮಾತ್ರ ಈ ಪದ ಬರುವುದಿಲ್ಲ.

ಟೀಚರ್‌ಗೆ ಇದನ್ನೂ ಹೇಳಿ ಮಗಳೇ. ಕನ್ನಡಕ್ಕೆ 1894ರಲ್ಲಿ ದೊಡ್ಡ ನಿಘಂಟು ಮಾಡಿಕೊಟ್ಟ ಫರ್ಡಿನಾಂಡ್ ಕಿಟೆಲ್ ಜರ್ಮನಿಯವರು. ನಮ್ಮ ಧಾರವಾಡದಲ್ಲೂ ಇದ್ದು ಕನ್ನಡ ಕಲಿತವರು. ಅವರಿಗೂ ಮೊದಮೊದಲು ಳಕಾರ ಸುಲಭವಾಗಿರಲಿಕ್ಕಿಲ್ಲ.

ಗದಗಿನ ಕಾಕಾ:

ಅಕ್ಕೋರೆ, ನಿಮ್ಮ ಮಾತು ತಲೆಮೇಲೆ ಇಟ್ಟುಕೊಳ್ಳುತ್ತೇನೆ. ಆದರೆ ಮಗುವಿಗೆ ಹಳಗನ್ನಡ ಏಕೆ? ಕತ್ತೆ ಬೂದಿಯಲ್ಲಿ ಹೊರಳುವುದನ್ನು ಒಮ್ಮೆ ಕಣ್ಣಿಂದ ನೋಡಲಿ, ಸಾಯುವವರೆಗೆ ಮರೆಯುವುದಿಲ್ಲ. ನಮ್ಮಲ್ಲಿ ಕಣದ ಮಣ್ಣಿನಲ್ಲಿ ಗುಬ್ಬಿ ಹೊರಳಿದರೆ ನಮ್ಮವ್ವ ಆಕಾಶ ನೋಡುತ್ತಿದ್ದಳು. ಮಳೆ ಬಂತು, ಕಾಳು ಒಳಗೆ ಹಾಕಿ ಎನ್ನುತ್ತಿದ್ದಳು. ಇದನ್ನೆಲ್ಲ ಫೋನಿನಲ್ಲಿ ಹೇಗೆ ಕಲಿಸುತ್ತೀರಿ? ಇಲ್ಲಿ ಸಂಬಳ ಎಣಿಸುತ್ತಾ ಕೂತವರು ಆಮೇಲೆ ಅಳುವುದನ್ನು ನಾನು ಮೂವತ್ತು ವರ್ಷದಿಂದ ನೋಡುತ್ತಿದ್ದೇನೆ.

ರಾಣೆಬೆನ್ನೂರು ರೈತನ ಮಗ, ನೆದರ್‌ಲ್ಯಾಂಡ್ಸ್:

ಕಾಕಾ, ಅವರು ಕೇಳಿದ್ದು ಅದಲ್ಲ. ಎಲ್ಲರ ಹತ್ತಿರವೂ ವರ್ಷಾವರ್ಷ ಟಿಕೆಟ್‌ಗೆ ದುಡ್ಡಿರುವುದಿಲ್ಲ.

ಅಕ್ಕಾ, ನಾನು ಮನೆ ಹಿಂದೆ ನಾಲ್ಕು ಹ್ಯಾಟಿ, ಅಂದರೆ ಹೆಣ್ಣು ಕೋಳಿ, ಸಾಕಿದ್ದೇನೆ. ಮಗಳು ಚೀಟಿ ಜೊತೆ ಎರಡು ಮಾತು ಹೇಳಲಿ ಎಂದು ಬರೆಯುತ್ತಿದ್ದೇನೆ. ಕೋಳಿಯ ಬಾಲದ ಬುಡದಲ್ಲಿ ಎಣ್ಣೆಯ ಗ್ರಂಥಿ ಇರುತ್ತದೆ. ಕೊಕ್ಕಿನಿಂದ ಆ ಎಣ್ಣೆ ತೆಗೆದು ಪುಕ್ಕಕ್ಕೆ ಸವರಿಕೊಳ್ಳುತ್ತದೆ. ಹಳೆಯ ಎಣ್ಣೆ ಜಾಸ್ತಿಯಾದರೆ ಪುಕ್ಕ ಅಂಟಂಟಾಗುತ್ತದೆ. ಹುಡಿ ಮಣ್ಣು ಆ ಜಿಡ್ಡನ್ನು ಹೀರುತ್ತದೆ. ಕೊನೆಗೆ ಎದ್ದು ಮೈ ಕೊಡವಿದರೆ ಜಿಡ್ಡೂ ಹೋಗುತ್ತದೆ, ಹೇನೂ ಉದುರುತ್ತವೆ. ಸಾಮಾನ್ಯವಾಗಿ ಎರಡು ದಿನಕ್ಕೊಮ್ಮೆ, ಒಂದು ಸಲಕ್ಕೆ ಸುಮಾರು ಅರ್ಧ ತಾಸು. ಚಿಂಚಿಲ್ಲಾ ಎಂಬ ದಟ್ಟ ತುಪ್ಪಳದ ಪ್ರಾಣಿ ಮೈ ಸ್ವಚ್ಛ ಮಾಡಿಕೊಳ್ಳುವುದೂ ಹೀಗೆ ದೂಳಿನಲ್ಲೇ.

ಮಗಳು ಕೇಳಿದಳಲ್ಲ, ಕೋಳಿ ಸ್ನಾನ ಎಲ್ಲಿ ಮಾಡ್ತದ ಅಂತ. ಇದೇ ಅದರ ಸ್ನಾನ. ‘ದೂಳು ಸ್ನಾನ’ ತಪ್ಪಲ್ಲ, ಆದರೆ ಅದು ಓದಿದವರ ಪದ. ಹೊಲದಲ್ಲಿ ನಾನು ಕೇಳಿಲ್ಲ.

ಶಾಲೆಯ ಕೋಳಿಗೆ ಮಳೆ ತಾಗದ ಮೂಲೆಯಲ್ಲಿ ಒಂದು ಅಗಲ ಪೆಟ್ಟಿಗೆ ಇಡಿಸಿ. ಒಣ ಮರಳು, ಒಣ ಮಣ್ಣು, ಸ್ವಲ್ಪ ಸೌದೆ ಬೂದಿ. ಬಣ್ಣ ಬಳಿದ ಕಟ್ಟಿಗೆಯ ಬೂದಿ ಬೇಡ.

ಇನ್ನೊಂದು ವಿಷಯ ನನಗೆ ಬಹಳ ತಾಗಿದ್ದು. ತಂತಿ ಗೂಡಿನಲ್ಲಿ ಹಾಕಿದ ಕೋಳಿಗೆ ಮಣ್ಣು ಸಿಗುವುದಿಲ್ಲ. ಆದರೂ ಬರೀ ತಂತಿಯ ಮೇಲೆ ಕೂತು ಅದೇ ರೀತಿ ಕೆದರುತ್ತದೆ, ರೆಕ್ಕೆ ಬಡಿಯುತ್ತದೆ. ಆ ಹಳೆಯ ಬರಿಗೂಡುಗಳನ್ನು ಯುರೋಪಿಯನ್ ಒಕ್ಕೂಟದಲ್ಲಿ 2012ರಿಂದ ನಿಲ್ಲಿಸಿದ್ದಾರೆ.

ಗದಗಿನ ಕಾಕಾ:

ನೋಡಿದಿರಾ? ನಾನು ಹೇಳುವುದೂ ಅದೇ. ನಮ್ಮ ಮಕ್ಕಳು ತಂತಿಯ ಮೇಲೆ ಕೂತ ಕೋಳಿಗಳು.

ರಾಣೆಬೆನ್ನೂರು ರೈತನ ಮಗ:

ಮಕ್ಕಳನ್ನು ಹಾಗೆ ಅನ್ನಬೇಡಿ ಕಾಕಾ. ಅವರಿಗೆ ಇಲ್ಲಿಯ ಮಣ್ಣೂ ಮಣ್ಣೇ. ನನ್ನ ಮಗಳು ಡಚ್ಚಿನಲ್ಲಿ ಕೋಳಿಯ ಜೊತೆ ತಾಸುಗಟ್ಟಲೆ ಮಾತಾಡುತ್ತಾಳೆ. ನನ್ನ ಜೊತೆ ಕನ್ನಡದಲ್ಲಿ ಮಾತಾಡುವುದು ಕಡಿಮೆ. ತಪ್ಪು ಅವಳದಲ್ಲ. ಅವಳು ಚಿಕ್ಕವಳಿದ್ದಾಗ ನಾನು ರಾತ್ರಿ ಪಾಳಿ ಮಾಡಿ ಹಗಲೆಲ್ಲ ಮಲಗಿದೆ.

ಬ್ಯಾಡಗಿ ಅಕ್ಕ:

ಅಕ್ಕೋರು ‘ಹೊಳ್ಳಿ’ ಎಂದು ಬರೆದದ್ದು ಓದಿ ಸ್ವಲ್ಪ ಹೊತ್ತು ಫೋನ್ ಕೆಳಗಿಟ್ಟೆ. ನಮ್ಮಪ್ಪ ಪ್ರತಿ ಭಾನುವಾರ ಫೋನ್ ಮಾಡಿ ಅದೇ ಕೇಳುತ್ತಿದ್ದರು. ‘ಯಾವಾಗ ಹೊಳ್ಳಿ ಬರ್ತಿ?’ ಬರುವ ವರ್ಷ ಅಪ್ಪಾ ಎನ್ನುತ್ತಿದ್ದೆ. ಹನ್ನೊಂದು ವರ್ಷ ಹಾಗೇ ಅಂದೆ. ಮನೆ ಸಾಲ, ಮಗನ ಪರೀಕ್ಷೆ, ಏನಾದರೊಂದು ಇರುತ್ತಿತ್ತು. ಕೊನೆಗೆ ಹೋದಾಗ ಅವರು ಹಾಸಿಗೆಯಲ್ಲಿ ಆಚೆ ಮುಖ ಮಾಡಿ ಮಲಗಿದ್ದರು. ನಾನು ಬಂದಿದ್ದೇನೆ ಎಂದು ಅವ್ವ ಹೇಳಿದಳು. ಹೊಳ್ಳಲು ಅವರಿಗೆ ಆಗಲಿಲ್ಲ. ನಾನೇ ಆ ಕಡೆ ಹೋಗಿ ಕೂತೆ.

ತಂಗಿ, ಉಳ್ಳಾಡು ಅಂತ ಬರೆಸು. ಅಜ್ಜಿ ಬಾಯಿಂದ ಬಂದದ್ದು. ಅಜ್ಜಿ ಇರುವಾಗಲೇ ಕೇಳಿ ಬರೆದುಕೊಳ್ಳಬೇಕು.

ಗದಗಿನ ಕಾಕಾ:

ಅಕ್ಕಾ, ಇದನ್ನೇ ನಾನು ಎಲ್ಲರಿಗೂ ಹೇಳುವುದು. ಹೋಗಿ ಬನ್ನಿ. ಮುಂದಕ್ಕೆ ಹಾಕಬೇಡಿ. ನಾನು ಮಕ್ಕಳನ್ನು ಕಳಿಸಿದೆ ನಿಜ. ನಾನು ಮಾತ್ರ ಇಲ್ಲೇ ಕೆಲಸ ಮಾಡುತ್ತಾ ಉಳಿದೆ. ಅವ್ವನ ಕೊನೆಯ ಐದು ಬೇಸಿಗೆ ಅವಳ ಜೊತೆ ಕಳೆದವರು ನನ್ನ ಮಕ್ಕಳು, ನಾನಲ್ಲ.

ಹಳೇ ಹುಬ್ಬಳ್ಳಿ:

ಕಾಕಾ, ಇಷ್ಟು ವರ್ಷದಲ್ಲಿ ನೀವು ಇದನ್ನು ಇಲ್ಲಿ ಹೇಳಿರಲಿಲ್ಲ.

ಮಾಳಮಡ್ಡಿ ಮಗಳು:

ಎಲ್ಲರ ಮಾತು ಓದಿದೆ. ಕಣ್ಣು ತುಂಬಿ ಬಂತು. ಆದರೆ ಇವತ್ತು ಬುಧವಾರ. ಅವಳು ಇನ್ನೂ ಚೀಟಿ ಮುಟ್ಟಿಲ್ಲ. ಳಕಾರಕ್ಕೆ ಏನು ಮಾಡಲಿ ಅಕ್ಕೋರೆ?

ನವಲಗುಂದದ ಅಕ್ಕೋರು:

ತಿದ್ದುವುದನ್ನು ಮೊದಲು ನಿಲ್ಲಿಸಿ. ಜರ್ಮನ್‌ನಲ್ಲಿ ಈ ಧ್ವನಿ ಇಲ್ಲ, ಶಾಲೆಯಲ್ಲಿ ಅವಳ ಕಿವಿಗೆ ಬೀಳುವುದೇ ಇಲ್ಲ. ನಾಲಿಗೆಯ ತುದಿಯನ್ನು ಹಿಂದಕ್ಕೆ ಮಡಚಿ ಅಂಗುಳಕ್ಕೆ ತಾಗಿಸಬೇಕು. ಹೊರಳು ಪದದಲ್ಲಿ ರ ಆದ ಕೂಡಲೇ ಳ ಬರುತ್ತದೆ, ಅದು ಮಕ್ಕಳಿಗೆ ಕಷ್ಟ. ಒತ್ತಕ್ಷರದ ಳ್ಳ ಸುಲಭ. ನಾಲಿಗೆ ಅಲ್ಲಿ ಸ್ವಲ್ಪ ಹೊತ್ತು ನಿಲ್ಲುತ್ತದೆ.

ಒಂದು ಕೇಳುತ್ತೇನೆ. ನಿಮ್ಮ ಮನೆಯಲ್ಲಿ ಈರುಳ್ಳಿ ಅಂತೀರೋ, ಉಳ್ಳಾಗಡ್ಡಿ ಅಂತೀರೋ?

ಮಾಳಮಡ್ಡಿ ಮಗಳು:

ಉಳ್ಳಾಗಡ್ಡಿ ಅಂತೀವಿ. ಅವಳೂ ಹಾಗೇ ಅಂತಾಳೆ. ಉಪ್ಪಿಟ್ಟಿನಲ್ಲಿ ಉಳ್ಳಾಗಡ್ಡಿ ಬ್ಯಾಡ ಎಂದು ದಿನಾ ಜಗಳ.

ನವಲಗುಂದದ ಅಕ್ಕೋರು:

ಹಾಗಾದರೆ ಳಕಾರ ಅವಳಿಗೆ ಬರುತ್ತದೆ. ಉಳ್ಳಾಗಡ್ಡಿ ಅನ್ನಿಸಿ. ಆಮೇಲೆ ‘ಉಳ್ಳಾ’ ಅಂತ ಮಾತ್ರ ಅನ್ನಿಸಿ. ಹಿಂದೆ ‘ಡು’ ಹಚ್ಚಿ.

ಮಾಳಮಡ್ಡಿ ಮಗಳು:

ಗುರುವಾರ ರಾತ್ರಿ. ಅಡುಗೆಮನೆಯಲ್ಲಿ ಉಳ್ಳಾಗಡ್ಡಿ ಕೈಯಲ್ಲಿ ಕೊಟ್ಟು ಇದೇನು ಎಂದೆ. ಹೇಳಿದಳು. ಅರ್ಧ ಹೇಳು ಎಂದೆ. ‘ಉಳ್ಳಾ’ ಎಂದಳು. ಕೋಳಿ ಏನು ಮಾಡ್ತದ ಎಂದೆ. ಒಂದು ಗಳಿಗೆ ನನ್ನ ಮುಖ ನೋಡಿ ‘ಉಳ್ಳಾಡ್ತದ’ ಎಂದಳು. ಅಜ್ಜಿಯದೇ ಧಾಟಿ. ಆಮೇಲೆ ಕಾರ್ಪೆಟ್ ಮೇಲೆ ಬಿದ್ದು ತಾನೇ ಉಳ್ಳಾಡಿ ತೋರಿಸಿದಳು.

ಚೀಟಿಯಲ್ಲಿ ದೊಡ್ಡದಾಗಿ ‘ಉಳ್ಳಾಡು’ ಎಂದು ಬರೆದಿದ್ದಾಳೆ. ಕೆಳಗೆ ಚಿಕ್ಕದಾಗಿ ಅಪ್ಪನ ‘ಹೊರಳಾಡು’. ಪಕ್ಕದಲ್ಲಿ ಒಂದು ಕೋಳಿಯ ಚಿತ್ರ. ಬೂದಿಯ ಪೆಟ್ಟಿಗೆಯ ವಿಷಯ ಟೀಚರ್‌ಗೆ ಬರೆದು ಕಳಿಸಿದ್ದೇನೆ.

ರಾಣೆಬೆನ್ನೂರು ರೈತನ ಮಗ:

ಬಹಳ ಸಂತೋಷ ಅಕ್ಕಾ. ಪೆಟ್ಟಿಗೆ ಕಡಿಮೆ ಎಂದರೂ ಒಂದು ಗೇಣು ಆಳ ಇರಲಿ. ಇಲ್ಲದಿದ್ದರೆ ಮಣ್ಣೆಲ್ಲ ಹೊರಗೆ ಚೆಲ್ಲುತ್ತವೆ.

ಗದಗಿನ ಕಾಕಾ:

ಶಾಣ್ಯಾ ಹುಡುಗಿ. ಅಜ್ಜಿಗೆ ಆ ಚೀಟಿಯ ಫೋಟೊ ಕಳಿಸು ತಂಗಿ. ಬೇಸಿಗೆ ಟಿಕೆಟ್ ಈಗಲೇ ನೋಡು, ಆಮೇಲೆ ಏರುತ್ತದೆ.