ಈರುಳ್ಳಿ ಪಕೋಡ ಹತ್ತೇ ನಿಮಿಷಕ್ಕೆ ಮೆತ್ತಗಾಗುತ್ತದೆ, ಏನು ಮಾಡಲಿ?

ಸಾಗರದಿಂದ, ಪ್ರಶ್ನೆ:
ನಮ್ಮಲ್ಲಿ ಮಳೆ ಹಿಡಿದು ನಾಲ್ಕು ದಿನವಾಯಿತು. ಸಂಜೆ ಐದಕ್ಕೆ ಮಾವನವರಿಗೆ ಕಾಫಿಯ ಜೊತೆ ಏನಾದರೂ ಕುರುಕಲು ಬೇಕು. ಬಾಣಲೆಯಿಂದ ತೆಗೆದಾಗ ಪಕೋಡ ಗರಿಗರಿಯಾಗಿಯೇ ಇರುತ್ತದೆ. ಅವರು ತೋಟದಿಂದ ಬಂದು ಕೈಕಾಲು ತೊಳೆದು ಕೂರುವಷ್ಟರಲ್ಲಿ ಮೆತ್ತಗಾಗಿರುತ್ತದೆ. ಒಂದು ಮಾತೂ ಆಡದೆ ತಿನ್ನುತ್ತಾರೆ, ಅದೇ ನನಗೆ ಸಂಕಟ. ಎರಡು ಲೋಟ ಕಡಲೆಹಿಟ್ಟಿಗೆ ಮೂರು ಈರುಳ್ಳಿ, ಚಿಟಿಕೆ ಸೋಡಾ ಹಾಕಿ ಬಜ್ಜಿಯ ಹದಕ್ಕೆ ಕಲಸುತ್ತೇನೆ. ಬಿಸಿ ಆರದಿರಲೆಂದು ಮುಚ್ಚಿಡುತ್ತೇನೆ. ಎಲ್ಲಿ ತಪ್ಪುತ್ತಿದ್ದೇನೆ?

ಹುಬ್ಬಳ್ಳಿಯಿಂದ:
ತಂಗಿ, ನಿನ್ನ ಅಳತೆಯೇ ತಲೆಕೆಳಗಾಗಿದೆ. ಈರುಳ್ಳಿಗೆ ಹಿಟ್ಟು ಅಂಟಬೇಕು, ಹಿಟ್ಟಿನಲ್ಲಿ ಈರುಳ್ಳಿ ಮುಳುಗಬಾರದು. ನಾಲ್ಕು ದೊಡ್ಡ ಈರುಳ್ಳಿಯನ್ನು ಉದ್ದುದ್ದ, ತೆಳ್ಳಗೆ ಹೆಚ್ಚಿ, ಉಪ್ಪು ಹಾಕಿ, ಎಸಳು ಬಿಡಿಸುತ್ತಾ ಕಿವುಚಿ ಹತ್ತು ನಿಮಿಷ ಬಿಡು. ಎಸಳು ಬಾಡಿ ಪಾತ್ರೆಯ ತಳದಲ್ಲಿ ನೀರು ನಿಲ್ಲುತ್ತದೆ. ಅಷ್ಟೇ ನೀರು ಸಾಕು. ಒಂದು ಲೋಟ ಕಡಲೆಹಿಟ್ಟು, ಕಾಲು ಲೋಟ ಅಕ್ಕಿಹಿಟ್ಟು, ಖಾರದಪುಡಿ, ಓಮ ಉದುರಿಸಿ ಕಲಸು. ಸೋಡಾ ಬೇಡವೇ ಬೇಡ, ಪಕೋಡ ಎಣ್ಣೆ ಕುಡಿಯುತ್ತದೆ. ಬದಲಿಗೆ ಎರಡು ಚಮಚ ಕಾದ ಎಣ್ಣೆ ಹಾಕು.

ಉಡುಪಿಯಿಂದ:
ದಯವಿಟ್ಟು ಮುಚ್ಚಿಡಬೇಡಿ. ಹಬೆ ಮುಚ್ಚಳಕ್ಕೆ ಬಡಿದು, ನೀರಾಗಿ, ಪಕೋಡದ ಮೇಲೆಯೇ ತೊಟ್ಟಿಕ್ಕುತ್ತದೆ. ನಾವು ನೀರುಳ್ಳಿ ಬಜೆಯನ್ನು ಜರಡಿಯಲ್ಲಿ ಹರಡುತ್ತೇವೆ, ಒಂದರ ಮೇಲೊಂದು ಹೇರುವುದಿಲ್ಲ. ಕರಿಯುವಾಗ ಉರಿ ಮಧ್ಯಮವಾಗಿರಲಿ, ಸದ್ದಿಗೆ ಕಿವಿಗೊಡಿ. ಹಾಕಿದೊಡನೆ ಚೊರ್ರೆಂದು ನೊರೆ ಏಳುತ್ತದೆ; ಗುಳ್ಳೆ ಸಣ್ಣದಾಗಿ ಸದ್ದು ಅಡಗಿದ ಮೇಲೆ ತೆಗೆಯಿರಿ. ಅದಕ್ಕೂ ಮೊದಲೇ ಕೆಂಪಾದರೆ ಉರಿ ಜಾಸ್ತಿಯಾಗಿದೆ, ಒಳಗೆ ಇನ್ನೂ ನೀರಿದೆ ಎಂದರ್ಥ.

ಮೈಸೂರಿನಿಂದ:
ಕಲಸಿಟ್ಟು ಕಾಯಬೇಡಿ. ಈರುಳ್ಳಿ ನೀರು ಬಿಡುತ್ತಲೇ ಇರುತ್ತದೆ, ಹಿಟ್ಟು ಸಡಿಲವಾಗುತ್ತದೆ. ಎಣ್ಣೆ ಕಾಯಲು ಇಟ್ಟ ಮೇಲೆ ಹಿಟ್ಟು ಬೆರೆಸಿ.

ಸಾಗರದಿಂದ, ಮರುದಿನ:
ಅಕ್ಕ, ಒಂದು ಹನಿ ನೀರೂ ಹಾಕಲಿಲ್ಲ. ಹಿಟ್ಟು ಪುಡಿಪುಡಿಯಾಗಿಯೇ ಉಳಿದು ಮೊದಲು ಭಯವಾಯಿತು. ಎರಡು ನಿಮಿಷ ಕಿವುಚಿದ ಮೇಲೆ ಎಸಳೆಸಳಿಗೂ ಹಿಡಿಯಿತು. ಎರಡನೇ ಒಬ್ಬೆಗೆ ಉರಿ ತಗ್ಗಿಸಲು ಮರೆತು ತುದಿ ಕಪ್ಪಾಯಿತು. ಮಾವ ಅರ್ಧ ಗಂಟೆ ತಡವಾಗಿ ಬಂದರೂ ಅವರು ಕಡಿಯುವ ಸದ್ದು ಅಡುಗೆಮನೆಗೆ ಕೇಳಿಸಿತು. ತಟ್ಟೆ ಚಾಚಿ “ಇನ್ನೆರಡು ಹಾಕಮ್ಮ” ಎಂದರು. ನಾಳೆ ಸಬ್ಬಸಿಗೆ ಸೊಪ್ಪು ಸೇರಿಸುವ ಆಸೆಯಿದೆ. ಉಪ್ಪಿನ ಜೊತೆಗೇ ಹಾಕಲೇ?

ಹುಬ್ಬಳ್ಳಿಯಿಂದ:
ಬೇಡ, ಕೊನೆಗೆ ಹಾಕು. ತೊಳೆದ ಸೊಪ್ಪನ್ನು ಬಟ್ಟೆಯ ಮೇಲೆ ಹರಡಿ, ನೀರು ಪೂರ್ತಿ ಆರಿದ ಮೇಲೆ ಹೆಚ್ಚು.