ಅಪ್‌ಡೇಟ್: 'ಬಾಲ ಇಲ್ಲದ್ದು' ಅನ್ನೋಕೆ ಕೊನೆಗೆ ಯಾವ ಪದ ಇಟ್ಟೆವು

ಹೋದ ವಾರ ಕೇಳಿದ್ದೆ. ಮಗಳ ಶಾಲೆಯ ಚಾರ್ಟ್‌ನಲ್ಲಿ ಕಪ್ಪೆಗಳ ಗುಂಪು 'ಅನ್ಯೂರ'ವನ್ನು ಕನ್ನಡದಲ್ಲಿ ಬರೆಯಬೇಕಿತ್ತು. ಗ್ರೀಕ್ ಮೂಲದ ಪದ, ಬಾಲ ಇಲ್ಲದವು ಅಂತ ಅರ್ಥ.

ಜಾಸ್ತಿ ಜನ 'ಮೋಟು' ಅಂದಿರಿ. ನನಗೂ ಅದೇ ಇಷ್ಟವಾಗಿತ್ತು, ಆದರೆ ಬರೆದು ನೋಡಿದಾಗ ಹೊಂದಲಿಲ್ಲ. ಮೋಟು ಬೀಡಿ, ಮೋಟು ಜಡೆ, ಮೋಟುಗೋಡೆ, ಎಲ್ಲದರಲ್ಲೂ ಒಂದಿಷ್ಟು ಉಳಿದಿರುತ್ತದೆ ಅಲ್ವಾ? ನಮ್ಮ ಬೀದಿಯ ಮೋಟುಬಾಲದ ನಾಯಿ ನನ್ನನ್ನು ಕಂಡರೆ ಆ ಎರಡು ಬೆರಳಷ್ಟು ತುಂಡನ್ನೇ ಜೋರಾಗಿ ಅಲ್ಲಾಡಿಸುತ್ತದೆ. ಬೆಳೆದ ಕಪ್ಪೆಗೆ ಅಷ್ಟೂ ಇಲ್ಲ.

'ಪುಚ್ಛರಹಿತ' ಮಗಳ ಬಾಯಲ್ಲಿ ತಿರುಗಲಿಲ್ಲ. ಕೊನೆಗೆ ನಿಂತದ್ದು 'ಬಾಲವಿಲ್ಲದವು'. ಅದನ್ನು ಹೇಳಿದ ಅಕ್ಕನಿಗೆ ತುಂಬಾ ಥ್ಯಾಂಕ್ಸ್. ಪಕ್ಕದಲ್ಲಿ ಸಾಲಮಾಂಡರ್‌ಗಳ (ನೋಡೋಕೆ ಹಲ್ಲಿಯ ಹಾಗಿರುವ, ಕಪ್ಪೆಗಳ ಸಂಬಂಧಿಗಳು) ಗುಂಪಿಗೆ 'ಬಾಲವುಳ್ಳವು' ಅಂತ ಚೆಂದದ ಜೋಡಿಯೂ ಸಿಕ್ಕಿತು. ಆ ಗುಂಪಿನ ಹೆಸರು 'ಕಾಡೇಟ', ಲ್ಯಾಟಿನ್‌ನಲ್ಲಿ ಬಾಲಕ್ಕೆ 'ಕಾಡ'.

ಗೊದಮೊಟ್ಟೆಯ ಬಾಲ ಕಳಚಿ ಬೀಳುತ್ತದೆ ಅಂದುಕೊಂಡಿದ್ದೆ. ಹಾಗಲ್ಲವಂತೆ! ಅದು ಕರಗುತ್ತಾ ಕರಗುತ್ತಾ ಮೈಯೊಳಗೇ ಸೇರಿಬಿಡುತ್ತದೆ. ಮಗಳು ಅದನ್ನೇ ನಾಲ್ಕು ಚಿತ್ರಗಳಲ್ಲಿ ಬಿಡಿಸಿದಳು, ಒಂದೊಂದರಲ್ಲೂ ಬಾಲ ಸ್ವಲ್ಪ ಸ್ವಲ್ಪ ಚಿಕ್ಕದು.

'ಮೋಟು' ಹೇಳಿದವರಿಗೆ ಇನ್ನೊಂದು ಮಾತು. ಐಲ್ ಆಫ್ ಮ್ಯಾನ್ ದ್ವೀಪದ ಮ್ಯಾಂಕ್ಸ್ ಬೆಕ್ಕುಗಳಲ್ಲಿ ಬಾಲವೇ ಇಲ್ಲದ್ದಕ್ಕೆ 'ರಂಪಿ' ಅನ್ನುತ್ತಾರೆ, ತುಂಡು ಬಾಲದ್ದಕ್ಕೆ 'ಸ್ಟಂಪಿ'. ನಿಮ್ಮ ಪದ ಆ ಸ್ಟಂಪಿಗೆ ಅಳತೆ ಕೊಟ್ಟು ಹೊಲಿಸಿದ ಹಾಗಿದೆ.